ಕೆಲಸ ಒಪ್ಪಿಸಿದ ವಾರ

ತಿರುವಿನ ಬಂಡೆಗೆ ಹಳದಿ ಗೆರೆ ಬಳಿದು, ಕೈ ತೊಳೆಯಲು ಅವಳು ತೊರೆಗೆ ಇಳಿದಿದ್ದಳಷ್ಟೇ. ಹತ್ತಿ ವಾಪಸು ಬರುವಷ್ಟರಲ್ಲಿ ಯಾರೋ ಒಬ್ಬ ಅದೇ ಬಂಡೆಯ ಮೇಲೆ ಆರಾಮಾಗಿ ಕೂತು ಕೆಳಗಿನ ಸರೋವರವನ್ನು ನೋಡುತ್ತಿದ್ದ.

ಎಬ್ಬಿಸುವುದೋ, ಹಾಗೇ ಬಿಡುವುದೋ? ಆಗಬೇಕಾದ್ದು ಹೇಗೂ ಆಗಿಹೋಗಿತ್ತು.

"ಏಳಿ," ಎಂದಳು. "ನಿಧಾನಕ್ಕೆ ಏಳಿ."

"ಯಾಕೆ, ಹಾವಾ?"

"ಪೇಂಟು."

ಅವನು ಎದ್ದು ತನ್ನ ಬೆನ್ನ ಹಿಂದೆ ನೋಡಿಕೊಳ್ಳಲು ಒಂದು ಸುತ್ತು ತಿರುಗಿದ, ಕಾಣಿಸದೆ ಇನ್ನೊಂದು ಸುತ್ತು ತಿರುಗಿದ. ಪ್ಯಾಂಟಿನ ಮೇಲೆ ಗೆರೆ ಅಚ್ಚುಕಟ್ಟಾಗಿ ಮೂಡಿತ್ತು. ಬಂಡೆಯ ಮೇಲಿನದು ಮಾತ್ರ ಕಲಸಿಹೋಗಿತ್ತು. ಅವಳು ಬಂಡೆಯನ್ನೇ ನೋಡಿದಳು.

"ವ್ಯೂ ಪಾಯಿಂಟು ಆ ಕಡೆ. ಟೂರಿಸ್ಟುಗಳೆಲ್ಲ ಅಲ್ಲಿಗೇ ಹೋಗೋದು. ದುರ್ಬೀನು, ಐಸ್‌ಕ್ರೀಮು, ಫೋಟೋ ತೆಗೆಯೋರು, ಎಲ್ಲಾ ಅಲ್ಲೇ ಇದೆ."

"ನಾನು ಟೂರಿಸ್ಟ್ ಅಲ್ಲ. ಆಫೀಸಿನವರು ನೀವು ಇಲ್ಲೇ ಸಿಗ್ತೀರಿ ಅಂದ್ರು." ಅವನು ಕೈ ಚಾಚಲು ಹೋಗಿ, ಕೈಯಲ್ಲೂ ಹಳದಿ ಇರುವುದನ್ನು ಕಂಡು ಹಿಂದಕ್ಕೆ ತೆಗೆದುಕೊಂಡ. "ನಿಮ್ಮ ಕೆಲಸಕ್ಕೆ ಬಂದಿರೋನು ನಾನೇ."

ಅವಳು ಅವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಒಳ್ಳೇ ಶುರು," ಎಂದಳು.

ಸರೋವರದ ಸುತ್ತಲಿನ ಬೆಟ್ಟಗಳಲ್ಲಿ ಜನ ಅಷ್ಟಾಗಿ ಹೋಗದ ಜಾಗಗಳಿದ್ದವು. ಅಲ್ಲಿಗೆ ಹೋಗುವ ಕಾಲುದಾರಿಗಳನ್ನು ಸವರಿ, ಬಂಡೆಗೂ ಮರಕ್ಕೂ ಗುರುತು ಬಳಿಯುವುದು ಪ್ರವಾಸಿ ಕಚೇರಿಯಲ್ಲಿ ಅವಳ ಕೆಲಸ. ಊರಿನ ಮಕ್ಕಳು ಅವಳನ್ನು ಪೇಂಟರಮ್ಮ ಎನ್ನುತ್ತಿದ್ದರು. ಇನ್ನೊಂದು ವಾರಕ್ಕೆ ಅವಳು ದೂರದ ಸಮುದ್ರ ತೀರದ ಪಕ್ಷಿಧಾಮಕ್ಕೆ ಹೊರಟಿದ್ದಳು. ಅಲ್ಲೂ ದಾರಿಗಳದೇ ಕೆಲಸ. ಅಷ್ಟರೊಳಗೆ ಇಲ್ಲಿನದನ್ನೆಲ್ಲ ಹೊಸಬನಿಗೆ ಒಪ್ಪಿಸಬೇಕಿತ್ತು. ಊರು ಬಿಡುವುದರಲ್ಲಿ ಅವಳಿಗೆ ಸಂತೋಷವೂ ಇರಲಿಲ್ಲ, ಸಂಕಟವೂ ಇರಲಿಲ್ಲ. ಸಾಮಾನು ಕಟ್ಟುವಾಗ ಇರುವ ಅವಸರವಷ್ಟೇ ಇತ್ತು.

"ಮುಂಚೆ ಏನು ಮಾಡ್ತಿದ್ರಿ?" ಇಳಿಯುವಾಗ ಕೇಳಿದಳು.

"ಸಿಟಿಯಲ್ಲಿ ರಸ್ತೆಗೆ ಬಿಳಿ ಗೆರೆ ಹಾಕ್ತಿದ್ದೆ. ಜೀಬ್ರಾ ಕ್ರಾಸಿಂಗ್ ನನ್ನ ಸ್ಪೆಷಾಲಿಟಿ."

"ಇಲ್ಲಿ ದಾಟೋರೇ ಇಲ್ಲ."

"ಅದಕ್ಕೇ ಬಂದೆ. ಅಲ್ಲಿ ಗೆರೆ ಒಣಗೋಕೆ ಮುಂಚೆನೇ ಹಾರ್ನ್ ಹೊಡೀತಾರೆ."

ಅವನು ಮುಂದೆ ನಡೆಯುತ್ತಿದ್ದ. ಪೇಟೆ ಬಂದಾಗ, ಹಿಂದೆ ನಡೆಯುವುದು ಕಷ್ಟವೆನಿಸಿ ಅವಳು ಅವನನ್ನು ದಾಟಿ ಮುಂದಾದಳು. ಅಂಗಡಿಯವರೆಲ್ಲ ಅವನ ಪ್ಯಾಂಟು ನೋಡಿ ನಗುತ್ತಿದ್ದರು. ಅವಳೊಬ್ಬಳು ನಗಲಿಲ್ಲ, ಕೆನ್ನೆ ಒಳಗಿನಿಂದ ಕಚ್ಚಿ ಹಿಡಿದಿದ್ದಳು.

ಮಾರನೆಯ ದಿನ ಆಚೆ ದಡಕ್ಕೆ ಹೋಗಬೇಕಿತ್ತು. ಅವಳು ಬೋಟು ಹತ್ತಿದ ಕೂಡಲೇ ಒಳಗಿನವರ ಮಾತು ನಿಂತಿತು. ತರಕಾರಿ ಬುಟ್ಟಿಯ ಹೆಂಗಸು ಸರಿದು ಕಿಟಕಿಯ ಪಕ್ಕ ಜಾಗ ಮಾಡಿಕೊಟ್ಟಳು. ಇನ್ನೊಬ್ಬಳು "ಊಟ ಆಯ್ತಾ ಕಂದ?" ಎಂದಳು. ಬೋಟಿನ ಕ್ಯಾಪ್ಟನ್ ಹಿಂತಿರುಗಿ ನೋಡದೆ ಎಂಜಿನ್ ಶುರು ಮಾಡಿದ.

"ನಿಮಗೆ ಇಲ್ಲಿ ತುಂಬಾ ಮರ್ಯಾದೆ," ಎಂದ ಹೊಸಬ.

"ಹೂಂ. ಸ್ವಲ್ಪ ಜಾಸ್ತಿನೇ ಆಯ್ತು."

ಆಚೆ ದಡದ ಇಳಿಜಾರಿನಲ್ಲಿ, ಪೊದೆಗಳ ಹಿಂದೆ, ಕಲ್ಲಿನ ಒಂದು ಗುಂಡು ಕಟ್ಟಡವಿತ್ತು. ಹಿಂದಿನವರು ಸರೋವರ ಹೆಪ್ಪುಗಟ್ಟಿದಾಗ ಮಂಜುಗಡ್ಡೆ ಕೊಯ್ದು ತಂದು, ಹೊಟ್ಟು ಮುಚ್ಚಿ ಬೇಸಿಗೆಗೆಂದು ಇಡುತ್ತಿದ್ದ ಮನೆ. ಒಳಗೆ ಈಗಲೂ ತಣ್ಣಗಿತ್ತು. ಬಾಗಿಲಿನಿಂದ ಬಂದ ಬಿಸಿಲು ನೆಲದ ಮೇಲೆ ಚಾಪೆಯಂತೆ ಬಿದ್ದಿತ್ತು. ಅವನು ಆ ಬಿಸಿಲಿನಲ್ಲೇ ನಿಂತು ಮೇಲಿನ ಕಮಾನು ನೋಡಿದ.

"ಇಲ್ಲಿಗೆ ಯಾರೂ ಬರಲ್ವಾ?"

"ವರ್ಷಕ್ಕೆ ಒಬ್ಬರೋ ಇಬ್ಬರೋ. ಅವರೂ ದಾರಿ ತಪ್ಪಿ."

"ಹಾಗಿದ್ರೆ ನಿಮ್ಮ ಗುರುತು ಸರಿಯಾಗಿಲ್ಲ ಅಂತಾಯ್ತು."

ಅವಳು ತಿರುಗಿದಳು. ಅವನ ಮುಖದಲ್ಲಿ ತುಂಟತನವಿತ್ತು, ಆದರೆ ಕಣ್ಣು ಅವಳ ಉತ್ತರಕ್ಕೆ ನಿಜವಾಗಿಯೂ ಕಾಯುತ್ತಿತ್ತು. ಅವಳನ್ನು ಯಾರಾದರೂ ಹೀಗೆ ಕೆಣಕಿ ಬಹಳ ಕಾಲವಾಗಿತ್ತು. ಈ ಊರಿನಲ್ಲಿ ಅವಳ ಜೊತೆ ಎಲ್ಲರೂ ಕಾಯಿಲೆಯವರ ಜೊತೆ ಮಾತಾಡುವ ಹಾಗೆ ಮಾತಾಡುತ್ತಿದ್ದರು.

"ನೀವೇ ಒಂದು ಹಾಕಿ ತೋರಿಸಿ," ಎಂದು ಬ್ರಷ್ ಕೊಟ್ಟಳು.

ಅವನು ಹೊರಗಿನ ಮರಕ್ಕೆ ಒಂದು ಗೆರೆ ಹಾಕಿದ. ನೇರವಾಗಿತ್ತು, ದಪ್ಪವಾಗಿತ್ತು, ಬಹುಶಃ ಈಚೆ ದಡದವರೆಗೂ ಕಾಣುವಷ್ಟಿತ್ತು.

"ಇದೇನು ಹೈವೇನಾ?"

"ದೂರಕ್ಕೆ ಕಾಣಲಿ ಅಂತ."

"ದೂರದಿಂದ ಕಂಡ್ರೆ ಓಡಿಕೊಂಡು ಬರ್ತಾರೆ. ಹತ್ತಿರ ಬಂದ ಮೇಲೇ ಕಾಣ್ಬೇಕು. ಆಗ ನೋಡಿಕೊಂಡು ನಡೀತಾರೆ."

ಅವನು ತಲೆಯಾಡಿಸಿ ಚಿಂದಿಯಿಂದ ಗೆರೆಯನ್ನು ಒರೆಸಿ ಸಣ್ಣದು ಮಾಡಿದ. ಒರೆಸುವಾಗ ಮೂಗಿಗೆ ಬಣ್ಣ ಮೆತ್ತಿತು. ಅವಳು ಹೇಳಲಿಲ್ಲ. ಸಂಜೆ ಬೋಟಿನಲ್ಲಿ ಎದುರು ಕೂತ ಅವನು ಸರೋವರ ನೋಡುತ್ತಿದ್ದಾಗ ಅವಳು ಆ ಮೂಗನ್ನೇ ನೋಡಿದಳು. ಅವನು ಥಟ್ಟನೆ ತಿರುಗಿದಾಗ ನೀರಿನ ಕಡೆ ಮುಖ ಮಾಡಿದಳು. ಇದನ್ನೆಲ್ಲ ಅವಳು ಗಮನಿಸಿಕೊಂಡಳು, ಬೇರೆ ಯಾರಿಗೋ ಆಗುತ್ತಿದೆ ಎಂಬಂತೆ.

ಆಮೇಲಿನ ದಿನಗಳಲ್ಲಿ ಜಲಪಾತದ ನೀರಿನ ಹಿಂದಿರುವ ಗುಹೆ ನೋಡಿದರು, ಕೈ ಅದ್ದಿದರೆ ಬೆಚ್ಚಗಿರುವ ಒರತೆ ನೋಡಿದರು. ಗುಹೆಯಲ್ಲಿ ನೀರಿನ ಸದ್ದಿಗೆ ಮಾತು ಕೇಳಿಸದೆ, ಕಿವಿಯ ಹತ್ತಿರ ಬಾಗಿ "ಬಿಸ್ಕತ್ತು ಬೇಕಾ?" ಎಂದು ಅವನು ಕೇಳಿದ. ಅಷ್ಟು ಸಾಧಾರಣ ಮಾತಿಗೆ ಅವಳ ಮೈ ಜುಮ್ಮೆಂದಿತು. ಬೇಡ ಎಂದಳು. ಆಮೇಲೆ ಹಸಿವಾಯಿತು.

ಅವನು ಉಳಿದುಕೊಂಡಿದ್ದು ಅವಳ ಅಕ್ಕನ ಲಾಡ್ಜಿನಲ್ಲಿ. ಅಕ್ಕನಿಗೆ ತಂಗಿ ಎಂದರೆ ಜೀವ, ಆದರೆ ಬಾಯಿಗೆ ಬೀಗವಿಲ್ಲ.

ಒಂದು ಬೆಳಗ್ಗೆ ಅವನು ಬದಲಾಗಿದ್ದ. ಪೇಂಟಿನ ಡಬ್ಬಗಳನ್ನು ತಾನೇ ಎತ್ತಿಕೊಂಡ. ತೊರೆ ದಾಟುವಾಗ ಕೈ ನೀಡಿದ. ದಿನವೂ ಲಾಗ ಹಾಕುವಂತೆ ಹಾರಿ ದಾಟುವವಳು ಅವಳು, ಅದನ್ನು ಅವನೂ ಕಂಡಿದ್ದ. ದಾರಿಯುದ್ದಕ್ಕೂ ಒಂದೇ ಒಂದು ಕೀಟಲೆಯಿಲ್ಲ.

ಮೇಲಿನ ಕೊಳ ತಲುಪಿದರು. ಶಿಖರದ ಮಗ್ಗುಲಲ್ಲಿ, ಗಾಳಿಯೂ ತಾಗದ ಕಡೆ, ತಟ್ಟೆಯಂತೆ ದುಂಡಗಿನ ನೀರು. ಶಿಖರ ಅದರೊಳಗೆ ತಲೆಕೆಳಗಾಗಿ ನಿಂತಿತ್ತು. ಅವಳ ಪಾಲಿಗೆ ಇದೇ ಕೊನೆಯ ದಾರಿ.

"ಅಕ್ಕ ಹೇಳಿದ್ಲು ಅಲ್ವಾ?" ಎಂದಳು.

ಅವನು ಡಬ್ಬ ಕೆಳಗಿಟ್ಟ. ಸುಳ್ಳು ಹೇಳಲು ನೋಡಲಿಲ್ಲ. "ನಿನ್ನೆ ರಾತ್ರಿ ಊಟ ಬಡಿಸ್ತಾ ಹೇಳಿದ್ರು. ಬೋಟಿನ ಕ್ಯಾಪ್ಟನ್ ವಿಷಯ."

"ಏನಂದ್ಲು?"

"ನಾಲ್ಕು ವರ್ಷ ನಿಮ್ಮ ಜೊತೆ ಓಡಾಡಿ, ಮದುವೆ ನಿಶ್ಚಯ ಮಾಡಿಕೊಂಡು, ಕೊನೇಲಿ ಬೇರೆಯವರನ್ನ ಮದುವೆ ಆದ್ರು ಅಂತ. ನಿಮ್ಮ ಮನಸ್ಸು ನೋಯಿಸ್ಬೇಡಪ್ಪ ಅಂತ."

"ಅದಕ್ಕೇ ಡಬ್ಬ ಹೊತ್ರಿ. ನೋಡಿ, ಅವನ ಬಗ್ಗೆ ನನಗೆ ಏನೂ ಉಳಿದಿಲ್ಲ. ನನಗೆ ಸಾಕಾಗಿರೋದು ಊರಿನವರ ಅಯ್ಯೋ ಪಾಪ. ಮೀನಿನವಳು ನನಗೆ ಒಂದು ಮೀನು ಜಾಸ್ತಿ ಹಾಕ್ತಾಳೆ. ಮದುವೆ ಮನೇಲಿ ನಾನು ಹೋದ್ರೆ ಹಾಡು ನಿಲ್ಲಿಸ್ತಾರೆ. ಅದಕ್ಕೇ ಹೊರಟಿರೋದು. ನೀವೊಬ್ಬರು ಹಾಗಿರ್ಲಿಲ್ಲ." ಅವಳ ದನಿ ಏರಲಿಲ್ಲ. ಆದರೆ ಕೊನೆಯ ಮಾತು ಅಂದುಕೊಂಡದ್ದಕ್ಕಿಂತ ಮೆಲ್ಲಗೆ ಬಂತು. "ಈ ಒಂದು ವಾರ ಚೆನ್ನಾಗಿತ್ತು."

ಅವನು ಕೊಳದ ಅಂಚಿನಲ್ಲಿ ಕುಕ್ಕರಗಾಲಿನಲ್ಲಿ ಕೂತ.

"ಪಾಪ ಅಂತ ಅನ್ನಿಸ್ಲಿಲ್ಲ," ಎಂದ. "ಹೊಟ್ಟೆಕಿಚ್ಚಾಯ್ತು."

"ಏನು?"

"ಆ ಮನುಷ್ಯನಿಗೆ ನಾಲ್ಕು ವರ್ಷ ಸಿಕ್ತು. ನನಗೆ ಸಿಕ್ಕಿದ್ದು ಒಂದು ವಾರ, ಅದರಲ್ಲೂ ಅರ್ಧ ಪೇಂಟ್ ಕಲಸೋದ್ರಲ್ಲೇ ಹೋಯ್ತು. ನಿದ್ದೆ ಬರ್ಲಿಲ್ಲ ನನಗೆ. ಬೆಳಗ್ಗೆ ನಿಮ್ಮ ಮುಖ ನೋಡಿದ್ರೆ ಏನಾದ್ರೂ ಬಾಯಿಬಿಟ್ಟುಬಿಡ್ತೀನಿ ಅಂತ ಡಬ್ಬ ಎತ್ತಿಕೊಂಡು ಮುಂದೆ ನಡೆದೆ."

"ತೊರೆ ಹತ್ತಿರ ಕೈ ಯಾಕೆ ಕೊಟ್ರಿ?"

"ಹಿಡ್ಕೊಬೇಕು ಅನ್ನಿಸ್ತು. ಅಷ್ಟೇ."

ಅವಳು ಅವನ ಪಕ್ಕ ಬಂದು ಕೂತಳು. ಇಬ್ಬರ ನಡುವೆ ಒಂದು ಗೇಣು ಜಾಗವಿತ್ತು. ನೀರಿನೊಳಗೆ ಇಬ್ಬರೂ ಶಿಖರದ ಪಕ್ಕ ತಲೆಕೆಳಗಾಗಿ ಕೂತಿದ್ದರು, ಅಲ್ಲಿ ಆ ಜಾಗ ಕಾಣುತ್ತಿರಲಿಲ್ಲ. ಅವಳು ಕೈ ನೆಲದ ಮೇಲಿಟ್ಟಳು. ಸ್ವಲ್ಪ ಹೊತ್ತಿನ ಮೇಲೆ ಅವನ ಕೈ ಅದರ ಮೇಲೆ ಬಂತು, ಒರಟಾಗಿ, ಬೆಚ್ಚಗೆ. ಅವಳು ಕೈ ತೆಗೆಯಲಿಲ್ಲ. ಆ ದಿನ ಮೇಲಿನ ಕೊಳದ ದಾರಿಗೆ ಗುರುತು ಹಾಕುವ ಕೆಲಸ ಉಳಿದೇ ಹೋಯಿತು.

ಹೊರಡುವ ದಿನ ಬಸ್ ಸ್ಟ್ಯಾಂಡಿನಲ್ಲಿ ಅಕ್ಕ ಅಳುತ್ತ, ಅಳುವಿನ ನಡುವೆಯೇ "ಆ ಟ್ರಂಕು ನೆಟ್ಟಗಿಡ್ರೀ!" ಎಂದು ಭಾವನನ್ನು ಗದರುತ್ತಿದ್ದಳು. ಕಳಿಸಿಕೊಡಲು ಊರಿನ ಅರ್ಧ ಜನ ಬಂದಿದ್ದರು, ಎಲ್ಲರ ಮುಖದಲ್ಲೂ ಅದೇ ಮರುಕ. ಅವನು ಸ್ವಲ್ಪ ದೂರದಲ್ಲಿ ಕಂಬಕ್ಕೆ ಒರಗಿ ನಿಂತಿದ್ದ. ಅವಳೇ ಹತ್ತಿರ ಹೋದಳು.

"ಇರಿ ಅಂತ ಹೇಳಲ್ವಾ?"

"ಹೇಳಿದ್ರೆ ಇರ್ತೀರಾ?"

"ಇಲ್ಲ."

"ಗೊತ್ತು. ಈ ಊರಿಂದ ನಿಮಗೆ ಉಸಿರು ಕಟ್ಟಿದೆ. ಹೋಗಿ ಬನ್ನಿ ಅಂತಾನೂ ಹೇಳೋಕೆ ಆಗ್ತಿಲ್ಲ ನನಗೆ. ಬನ್ನಿ ಅಂದ್ರೆ ಇಲ್ಲಿಗೇ ಬರಬೇಕಲ್ಲ."

ಅವಳು ಬಸ್ಸು ಹತ್ತಿ ಕಿಟಕಿಯ ಪಕ್ಕ ಕೂತಳು. ಅವನು ಕಿಟಕಿಯ ಕೆಳಗೆ ಬಂದು ನಿಂತ.

"ಹಿಮ ಬಿದ್ದ ಮೇಲೆ ಇಲ್ಲಿ ದಾರಿಗಳನ್ನೆಲ್ಲ ಮುಚ್ತಾರೆ," ಎಂದಳು. "ಕರಗೋವರೆಗೂ ಕೆಲಸ ಇರಲ್ಲ."

"ಹೌದಂತೆ."

"ಸಮುದ್ರದ ಹತ್ತಿರ ಹಿಮ ಬೀಳಲ್ಲ."

"ಹಾಗಂತ ಕೇಳಿದೀನಿ." ತುಟಿಯಂಚಿನಲ್ಲಿ ಆ ಹಳೆಯ ತುಂಟತನ ಮರಳಿ ಬಂದಿತ್ತು. ಅವನು ಸುಲಭವಾಗಿ ಬಿಟ್ಟುಕೊಡುವವನಲ್ಲ.

ಡ್ರೈವರ್ ಎಂಜಿನ್ ಶುರು ಮಾಡಿದ.

"ಬಾ," ಎಂದಳು ಅವಳು.

"ಏನಂದ್ರಿ? ಕೇಳಿಸ್ಲಿಲ್ಲ."

ಕೇಳಿಸಿತ್ತು. ಅವನ ಕಿವಿಗಳೆರಡೂ ಕೆಂಪಾಗಿದ್ದವು. ಬಸ್ಸು ಅಲುಗಿತು. ಅವಳು ಕಿಟಕಿಯಿಂದ ಹೊರಗೆ ಬಾಗಿ, ಅಕ್ಕ ಭಾವ ಮೀನಿನವಳು ತರಕಾರಿಯವಳು ಎಲ್ಲರಿಗೂ ಕೇಳುವಂತೆ ಕೂಗಿದಳು: "ಬಾ ಅಂದೆ ಕಣೋ! ಹಿಮ ಬಿದ್ದ ಕೂಡಲೇ ಹೊರಟು ಬಾ!"

ಅಕ್ಕ ಅಳು ನಿಲ್ಲಿಸಿದಳು. ಜನರ ಮುಖದ ಮೇಲಿನ ಮರುಕ ಎತ್ತ ಹೋಗುವುದೆಂದು ತಿಳಿಯದೆ ಒಂದು ಗಳಿಗೆ ಹಾಗೇ ನಿಂತು, ಆಮೇಲೆ ಒಬ್ಬೊಬ್ಬರಲ್ಲೂ ನಗುವಾಗಿ ಒಡೆಯಿತು. ಅವನು ಬಸ್ಸಿನ ಜೊತೆ ನಾಲ್ಕು ಹೆಜ್ಜೆ ಓಡಿ, ಕೈ ಎತ್ತಿ, ಧೂಳಿನಲ್ಲಿ ನಿಂತುಬಿಟ್ಟ.

ಪಕ್ಕದ ಸೀಟಿನ ಅಜ್ಜಿ ಬುಟ್ಟಿಯನ್ನು ಮಡಿಲಿಗೆ ಎಳೆದುಕೊಂಡು ಕೇಳಿದಳು, "ಗಂಡನಾ?"

"ಇನ್ನೂ ಇಲ್ಲ," ಎಂದಳು ಅವಳು. ಹೇಳಿದ ಮೇಲೆ ತಾನೇ ಬೆಚ್ಚಿ, ಕಿಟಕಿಯ ಕಡೆ ತಿರುಗಿ, ಅಂಗೈಯಿಂದ ಬಾಯಿ ಮುಚ್ಚಿಕೊಂಡು ನಕ್ಕಳು.