ಕಾಪುವಿನ ಅರ್ಜಿದಾರ

ಉಡುಪಿಯ ಹೋಟೆಲಿನಲ್ಲಿ ಭೂಸ್ವಾಧೀನ ಅಧಿಕಾರಿ ಕಾಣೆ ಮೀನಿನ ಫ್ರೈಯ ಮಸಾಲೆ ಮೆತ್ತಿದ ಬೆರಳುಗಳನ್ನು ರಿಟ್ ಅರ್ಜಿಯ ಪ್ರತಿಗೆ ಒರೆಸಿಕೊಂಡ. ಪಕ್ಕದಲ್ಲಿದ್ದ ಕಂಟ್ರಾಕ್ಟರ್ ನಕ್ಕ. ಇಬ್ಬರಿಗಿಂತ ಜೋರಾಗಿ ನಕ್ಕವರು, ಮೇಜಿನ ಬಳಿ ನಿಂತಿದ್ದ ಜೂನಿಯರ್ ವಕೀಲೆ ಕುಶಲಾಳ ಸೀನಿಯರ್. ಆ ಅರ್ಜಿಯನ್ನು ಬರೆಸಿದವರೂ ಅವರೇ.

೧೯೮೫ನೇ ಇಸವಿ. ಕಾಪುವಿನ ಕಡಲ ಬದಿಯಲ್ಲಿ ಬಡ ಹೆಂಗಸರು ಮೀನು ಒಣಗಿಸುತ್ತಿದ್ದ ಜಾಗವನ್ನು ಸರಕಾರ ಆಸ್ಪತ್ರೆಗೆಂದು ವಶಪಡಿಸಿಕೊಂಡಿತ್ತು. ಅಲ್ಲಿ ಬರುವುದು ಆಸ್ಪತ್ರೆಯಲ್ಲ, ಬಾರ್ ಇರುವ ಲಾಡ್ಜ್ ಎಂದು ಗೊತ್ತಾದಾಗ ಶಾಲೆಯ ಮೇಷ್ಟ್ರಾಗಿದ್ದ ಕರುಣಾಕರ ಆ ಹೆಂಗಸರ ಪರವಾಗಿ ಹೈಕೋರ್ಟಿಗೆ ಸಾರ್ವಜನಿಕ ಹಿತಾಸಕ್ತಿ ಅರ್ಜಿ ಹಾಕಿದ. ಅವನಿಗೆ ಅಲ್ಲಿ ಒಂದು ಸೆಂಟ್ಸ್ ಜಾಗವೂ ಇರಲಿಲ್ಲ.

"ನಿನ್ನ ಮಾಷ್ಟ್ರು ಕೇಸ್ ವಾಪಸ್ ತೆಗೀತಾರೆ," ಎಂದರು ಸೀನಿಯರ್. "ಹೆಡ್ ಮಾಷ್ಟ್ರ ಪೋಸ್ಟ್ ಸಿಗ್ತದಲ್ಲ. ನೀನೂ ಊಟ ಮಾಡಿಕೊಂಡು ಹೋಗು."

ಬೇರೆ ದಿನವಾಗಿದ್ದರೆ 'ನಿನ್ನ ಮಾಷ್ಟ್ರು' ಎಂಬ ಮಾತಿಗೆ ಕುಶಲಾಳ ಕಿವಿ ಕೆಂಪಾಗುತ್ತಿತ್ತು. ಇವತ್ತು ಅವಳು ಊಟಕ್ಕೆ ಕೂರದೆ ಕಾಪುವಿನ ಬಸ್ಸು ಹತ್ತಿದಳು.

ದಾರಿಯುದ್ದಕ್ಕೂ ಅವಳಿಗೆ ಕರುಣಾಕರನ ಕಣ್ಣುಗಳೇ ನೆನಪಾದವು. ಅವಳು ಕಾನೂನು ವಿವರಿಸುವಾಗ ಅವಳನ್ನೇ ನೋಡುತ್ತಿದ್ದ. ಸಿಕ್ಕಿಬಿದ್ದರೆ ತಟ್ಟನೆ ಆಫೀಸಿನ ಕೆಟ್ಟು ನಿಂತ ಫ್ಯಾನಿನ ಕಡೆ ನೋಡುತ್ತಿದ್ದ. ಆ ಕಣ್ಣುಗಳೂ ಮಾರಾಟಕ್ಕಿದ್ದವೇ?

ಅವನು ಶಾಲೆಯ ಜಗಲಿಯಲ್ಲಿದ್ದ.

"ಹೆಡ್ ಮಾಷ್ಟ್ರಿಗೆ ನಮಸ್ಕಾರ," ಎಂದಳು.

ಅವನ ಮುಖ ಬಿಳುಚಿತು. "ಕಂಟ್ರಾಕ್ಟರನ ಜನ ನಿನ್ನೆ ಮನೆಗೆ ಬಂದದ್ದು ಹೌದು. ನಾಳೆ ಹೇಳ್ತೇನೆ ಅಂದೆ."

"ನಾಳೆ ಎಂತಕ್ಕೆ? ಅಲ್ಲೇ ಬೇಡ ಅನ್ನಲಿಕ್ಕೆ ಬಾಯಿ ಇರಲಿಲ್ವಾ?"

"ಅಮ್ಮ ಅವರಿಗೆ ಶರಬತ್ತು ಕೊಟ್ಟಿದ್ದರು. ಮನೆಗೆ ಬಂದವರನ್ನು ಬೈದು ಕಳಿಸಿದರೆ ಅಮ್ಮ ನನ್ನನ್ನು ಬಿಡ್ತಿರಲಿಲ್ಲ. ಇವತ್ತು ಬೆಳಿಗ್ಗೆ ಅವರ ಆಫೀಸಿಗೇ ಹೋಗಿ ಬೈದು ಬಂದೆ. ಸುದ್ದಿ ಇನ್ನೂ ದೊಡ್ಡವರಿಗೆ ಮುಟ್ಟಿರಲಿಕ್ಕಿಲ್ಲ." ಆಮೇಲೆ ಕೇಳಿದ, "ನೀವು ನಂಬಿಬಿಟ್ಟಿರಾ, ವಕೀಲರೇ?"

ಅವಳು ಸೀನಿಯರ್ ಹೇಳಿದ್ದನ್ನೆಲ್ಲ ಅವನಿಗೆ ಹೇಳಿದಳು.

ಮರುದಿನವೇ ಅವಳು ಸೀನಿಯರ್ ಆಫೀಸು ಬಿಟ್ಟಳು. ಬೆಂಗಳೂರಿನ ಒಬ್ಬ ವಕೀಲರನ್ನು ಹಿಡಿದು ಕೇಸನ್ನು ಉಳಿಸಿಕೊಂಡಳು. ಕರುಣಾಕರನಿಗೆ ಕಾರ್ಕಳದಾಚೆಯ ಶಾಲೆಗೆ ವರ್ಗವಾಯಿತು. ಆದರೂ ಪ್ರತಿ ಭಾನುವಾರ ಬಸ್ಸು ಹಿಡಿದು ಉಡುಪಿಗೆ ಬರುತ್ತಿದ್ದ.

"ಕೇಸಿನಲ್ಲಿ ಹೊಸದು ಎಂತದೂ ಇಲ್ಲ," ಎನ್ನುತ್ತಿದ್ದಳು.

"ಗೊತ್ತುಂಟು. ಅದನ್ನೇ ಕೇಳಿ ಹೋಗುವ ಅಂತ ಬಂದೆ."

ಕೊನೆಗೆ ಸರಕಾರ ಆಸ್ಪತ್ರೆಯನ್ನೇ ಕಟ್ಟುತ್ತೇವೆಂದು ಹೈಕೋರ್ಟಿಗೆ ಮಾತು ಕೊಟ್ಟಿತು. ಮಾತು ನಂಬಿದ ಕೋರ್ಟು ಅರ್ಜಿಯನ್ನು ಮುಗಿಸಿತು. ಮಳೆಗಾಲ ಕಳೆದದ್ದೇ ತಡ, ಆ ಜಾಗದಲ್ಲಿ ಲಾಡ್ಜಿನ ಗೋಡೆ ಎದ್ದಿತು. ಅದರ ಪಾಯದ ಹೊಲಸು ನೀರು ಪಕ್ಕಕ್ಕೆ ಸರಿದಿದ್ದ ಹೆಂಗಸರ ಮೀನಿನ ಚಾಪೆಗಳ ಮೇಲೆ ಹರಿಯಿತು.

ಕುಶಲಾ, ಕರುಣಾಕರ ಇಬ್ಬರೂ ನೋಡಲು ಹೋದಾಗ, ಅಲ್ಲೇ ಮೀನು ಒಣಗಿಸುವ ನಳಿನಾಕ್ಷಿ ಕೊಳೆತ ಬಂಗುಡೆಗಳನ್ನು ಬುಟ್ಟಿಗೆ ತುಂಬುತ್ತಿದ್ದಳು.

"ನಾತ ಮೀನಿನದ್ದಲ್ಲ ಮಗಾ," ಎಂದು ಗೋಡೆಯ ಕಡೆ ಉಗಿದು ಹೋದಳು.

ಕುಶಲಾಳ ಕಣ್ಣು ತುಂಬಿತು. "ನನಗೆ ಈ ಕರಿ ಕೋಟೇ ಅಸಹ್ಯ ಆಗಿದೆ, ಮಾಷ್ಟ್ರೇ."

"ಕೋರ್ಟಿಗೆ ಕೊಟ್ಟ ಮಾತು ತಪ್ಪಿದರೆ ಎಂತ ಮಾಡಬಹುದು?"

"ನ್ಯಾಯಾಂಗ ನಿಂದನೆಯ ಅರ್ಜಿ ಹಾಕಬಹುದು. ಅಧಿಕಾರಿಯನ್ನೇ ಕಟಕಟೆಗೆ ಎಳೀಬಹುದು. ಆದರೆ ವರ್ಷಗಟ್ಟಲೆ ಎಳೀತದೆ."

ಅವನು ಮರಳಿನ ಕಡೆ ನೋಡಿ ಕೇಳಿದ, "ವಕೀಲರು ಗಂಡನ ಕೇಸು ನಡೆಸಬಹುದಾ?"

ಅಲೆಯ ಸದ್ದಿನಲ್ಲಿ ತಪ್ಪಾಗಿ ಕೇಳಿಸಿತೇನೋ ಎಂದು ಅವಳು ಅವನನ್ನೇ ನೋಡಿದಳು. ಈ ಸಲ ಅವನು ಕಣ್ಣು ತಪ್ಪಿಸಲಿಲ್ಲ.

"ಕಾನೂನಿನಲ್ಲಿ ಅಡ್ಡಿ ಇಲ್ಲ," ಎಂದಳು ಮೆಲ್ಲಗೆ. "ಆದರೆ ಕಕ್ಷಿದಾರರು ವಕೀಲರ ಮಾತು ಕೇಳಬೇಕು."

"ಕೇಳ್ತೇನೆ. ಈಗ ಎಂತ ಮಾಡಬೇಕು, ಹೇಳಿ."

"ಮೊದಲು ನನ್ನನ್ನು 'ನೀವು' ಅನ್ನುವುದು ಬಿಡಿ," ಎಂದಳು ಕುಶಲಾ.