ನೆಲದಿಂದ ಹನ್ನೊಂದು ಇಂಚು

ಅಣ್ಣ ಆ ಮಾತು ಹೇಳಿದ್ದು ಟೀ ಅಂಗಡಿಯಲ್ಲಿ, ಬೆಂಚು ಪೂರ್ತಿ ಜನ ಕೂತಿದ್ದಾಗ. ಗ್ಯಾರೇಜಿಗೇ ಬಂದು ಹೇಳಬಹುದಿತ್ತು, ಫೋನ್ ಮಾಡಬಹುದಿತ್ತು. ಆದರೆ ತಮ್ಮನ ಮಾನ ಕಳೆಯುವಾಗ ನಾಲ್ಕು ಜನ ಇರದಿದ್ದರೆ ಅಣ್ಣನಿಗೆ ಟೀ ರುಚಿಸುತ್ತಿರಲಿಲ್ಲ.

"ತಿಂಗಳ ಕೊನೆಗೆ ಗ್ಯಾರೇಜ್ ಖಾಲಿ ಮಾಡು," ಎಂದ, ಬಿಸ್ಕತ್ತನ್ನು ಟೀಯಲ್ಲಿ ಅದ್ದುತ್ತ. "ಜಾಗ ಜೀಪಿನವನಿಗೆ ಕೊಡ್ತಿದ್ದೀನಿ. ಅಪ್ಪನ ಆ ತಗಡಿನ ಡಬ್ಬಾನೂ ಗುಜರಿಗೆ ಹಾಕ್ಬಿಡು. ನೋಡೋಕಾಗಲ್ಲ."

ಪಕ್ಕದಲ್ಲಿದ್ದ ಜೀಪಿನವನು ಹಲ್ಲು ಕಿರಿದ. ಪ್ರವಾಸಿಗರನ್ನು ಗುಡ್ಡದಾಚೆಯ ಡೇರೆಗಳಿಗೆ ಕರೆದೊಯ್ಯುವುದು ಅವನ ದಂಧೆ. ಜೀಪಿನ ಮೇಲೊಂದು ಗೀರು ಬಿದ್ದರೂ ಮೆಕ್ಯಾನಿಕ್ಕಾದ ಈ ತಮ್ಮನ ಹತ್ತಿರ ಓಡಿಬರುತ್ತಿದ್ದವನು ಆವತ್ತು ಅವನ ಕಡೆ ಕಣ್ಣೆತ್ತಿಯೂ ನೋಡಲಿಲ್ಲ.

ಮೆಕ್ಯಾನಿಕ್ ತನ್ನ ಲೋಟ ಎತ್ತಿಕೊಂಡ. ಅವನು ಯಾರಿಗೂ ಏನೂ ಹೇಳುವವನಲ್ಲ. ಊರಿನವರು ಅವನ ಬೆನ್ನ ಹಿಂದೆ ಗಂಟುಮೋರೆ ಎನ್ನುತ್ತಿದ್ದರು, ಅದೂ ಅವನಿಗೆ ಗೊತ್ತಿತ್ತು. ಇಪ್ಪತ್ತೆರಡು ವರ್ಷ ಆ ಗ್ಯಾರೇಜಿನ ನೆಲದ ಮೇಲೆ ಬೆನ್ನು ಸವೆಸಿದವನು ಅವನು. ಅಪ್ಪ ಸಾಯುವ ಮುಂಚೆ ಕಟ್ಟಡವನ್ನು ದೊಡ್ಡ ಮಗನ ಹೆಸರಿಗೆ ಬರೆದು, ಚಿಕ್ಕವನಿಗೆ ತನ್ನ ಹಳೆಯ ಕಾರನ್ನು ಬಿಟ್ಟುಹೋಗಿದ್ದ. ಹಿಂಬದಿಯಲ್ಲಿ ಎಂಜಿನ್ ಇರುವ, ಕೋಳಿಮೊಟ್ಟೆ ಬಣ್ಣದ ಪುಟ್ಟ ಕಾರು. ಕೈಗಾಡಿ ಸಿಕ್ಕಿಹಾಕಿಕೊಳ್ಳುವ ಸಂತೆ ಗಲ್ಲಿಯಲ್ಲಿ ಅಪ್ಪ ಅದನ್ನು ಸಲೀಸಾಗಿ ನುಗ್ಗಿಸುತ್ತಿದ್ದ. "ಇದು ತೂರದ ಸಂದಿ ಇಲ್ಲ ಕಣೋ," ಎಂದು ಸ್ಟೀರಿಂಗ್ ತಟ್ಟುತ್ತಿದ್ದ. ಅದನ್ನೇ ಅಣ್ಣ ತಗಡಿನ ಡಬ್ಬ ಎಂದಿದ್ದು. ಆ ಒಂದು ಮಾತಿಗೇ ಅವನು ಸಾಯಬೇಕು ಎಂದು ಮೆಕ್ಯಾನಿಕ್ ತೀರ್ಮಾನಿಸಿದಾಗ ಟೀ ಇನ್ನೂ ಆರಿರಲಿಲ್ಲ.

ಅಣ್ಣನಿಗೆ ಹೆಂಡತಿ ಮಕ್ಕಳಿಲ್ಲ. ಅವನು ಹೋದರೆ ಗ್ಯಾರೇಜು ತಮ್ಮನದು. ಇಷ್ಟು ಯಾರಿಗಾದರೂ ಹೊಳೆಯುತ್ತದೆ, ಪೊಲೀಸರಿಗೂ ಹೊಳೆಯುತ್ತದೆ. ಹಾಗಾಗಿ ಕೊಲೆ ಮಾಡುವುದಲ್ಲ, ಆ ಹೊತ್ತಿಗೆ ತಾನು ಬೇರೆ ಕಡೆ ಇರುವುದು ದೊಡ್ಡ ಕೆಲಸ.

ಅಣ್ಣನ ಮನೆ ಗುಡ್ಡದಾಚೆ, ಕೆಲಸ ನಿಂತುಹೋದ ಕಲ್ಲುಕ್ವಾರಿಯ ಪಕ್ಕ. ರಸ್ತೆಯಲ್ಲಿ ಹೋದರೆ ಗುಡ್ಡವನ್ನು ಬಳಸಿ ಎಪ್ಪತ್ತು ಕಿಲೋಮೀಟರು, ಹೋಗಿಬರಲು ಮೂರು ಗಂಟೆಗೆ ಕಡಿಮೆಯಿಲ್ಲ. ಗುಡ್ಡದ ಮೇಲಿಂದ ಬರೀ ಒಂಬತ್ತು. ಆದರೆ ಆ ದಾರಿ ಬಂಡೆ, ಕೊರಕಲು, ಒರತೆಯ ಕೆಸರು. ಜೀಪು ಬಿಟ್ಟು ಇನ್ನೊಂದು ಗಾಡಿ ಅದನ್ನು ಹತ್ತಿದ್ದನ್ನು ಕಂಡವರಿಲ್ಲ. ಜೀಪಿನವನು ಪ್ರತಿ ಗುರುವಾರ ಒಬ್ಬನೇ ಡೇರೆ ನೋಡಲು ಹೋಗುತ್ತಾನೆ. ಅಣ್ಣ ಪ್ರತಿ ಮಧ್ಯಾಹ್ನ ಊಟ ಮುಗಿಸಿ, ಗಾಳಿ ಬರುತ್ತದೆಂದು ಕ್ವಾರಿಯ ಅಂಚಿನಲ್ಲಿ ಕುರ್ಚಿ ಹಾಕಿಕೊಂಡು ಪೇಪರ್ ಓದುತ್ತಾನೆ. ಕೆಳಗೆ ಎಂಬತ್ತು ಅಡಿ ಆಳ. ಪೊಲೀಸರು ದಡ್ಡರಾದರೆ ಅಪಘಾತ ಅನ್ನುತ್ತಾರೆ. ಜಾಣರಾದರೆ ಜೀಪಿನವನನ್ನು ಹಿಡಿಯುತ್ತಾರೆ. ಎರಡರಲ್ಲಿ ಯಾವುದಾದರೂ ಮೆಕ್ಯಾನಿಕ್ಕಿಗೆ ಅಡ್ಡಿಯಿರಲಿಲ್ಲ. ಎರಡನೆಯದಾದರೆ ಇನ್ನೂ ಖುಷಿ.

ಅಪ್ಪನ ಕಾರಿಗೆ ಕೈ ಹಚ್ಚುವಂತಿರಲಿಲ್ಲ. ಅದು ಊರಿನ ಕಣ್ಣೆದುರಿಗಿತ್ತು. ಅದೇ ಮಾದರಿಯ ಇನ್ನೊಂದು ಕಾರಿನ ಹೆಣ ನೂರಾರು ಮೈಲಿ ಆಚೆಯ ಗುಜರಿಯಲ್ಲಿ ಬಿದ್ದಿತ್ತು. ಅದನ್ನು ಬಿಡಿಬಿಡಿಯಾಗಿ ತಂದು ಗ್ಯಾರೇಜಿನ ಹಿಂದಿನ ಶೆಡ್ಡಿನಲ್ಲಿ ಮತ್ತೆ ಜೋಡಿಸಿದ. ಶೆಡ್ಡಿನ ಬೀಗದ ಕೈ ಅವನೊಬ್ಬನದೇ. ಹಿಂಬಾಗಿಲು ಒಣಹಳ್ಳಕ್ಕೆ ತೆರೆಯುತ್ತದೆ. ಹಳ್ಳ ಮರ ಕೊಯ್ಯುವ ಮಿಲ್ಲಿನ ಹಿಂದೆ ಹಾಯ್ದು ಗುಡ್ಡದ ಬುಡ ಮುಟ್ಟುತ್ತದೆ. ಮಿಲ್ಲಿನ ಸದ್ದಿನಲ್ಲಿ ರೈಲು ಹೋದರೂ ಕೇಳಿಸುವುದಿಲ್ಲ.

ಆಮೇಲಿನ ಮೂರು ವಾರ ಅವನ ಬದುಕಿನಲ್ಲೇ ಅತ್ಯಂತ ಸುಖದ ದಿನಗಳು. ಅದನ್ನು ಒಪ್ಪಿಕೊಳ್ಳಲು ಅವನಿಗೆ ನಾಚಿಕೆಯೂ ಇರಲಿಲ್ಲ. ಬಾಗಿಲು, ಸೀಟು, ಬಂಪರು ಎಲ್ಲ ಕಿತ್ತೆಸೆದು ಭಾರ ಇಳಿಸಿದ. ಸ್ಪ್ರಿಂಗುಗಳ ಕೆಳಗೆ ಕಬ್ಬಿಣದ ಗಟ್ಟಿ ಕೊಟ್ಟು ಮೈಯನ್ನು ಎತ್ತರಿಸಿದ. ದೊಡ್ಡ ಚಕ್ರ ತಿರುಗಲು ಮಡ್‌ಗಾರ್ಡುಗಳನ್ನು ಕತ್ತರಿಸಿದ. ಬಂಡೆ ತಾಗಿದರೆ ಎಂಜಿನ್ ಒಡೆಯದಂತೆ ಹೊಟ್ಟೆಯಡಿ ದಪ್ಪ ತಗಡು ಹೊದಿಸಿದ. ಸೈಲೆನ್ಸರನ್ನು ಹಿಂದಿನಿಂದ ಚಾವಣಿಯವರೆಗೆ ಏರಿಸಿದ. ಟೇಪು ಹಿಡಿದು ಅಳೆದ. ಮೊದಲು ನೆಲಕ್ಕೂ ಹೊಟ್ಟೆಗೂ ನಡುವೆ ಐದೂವರೆ ಇಂಚು ಇತ್ತು, ಈಗ ಹನ್ನೊಂದು. ಎಂಜಿನ್ನಿನ ಭಾರ ಗಾಡಿಯನ್ನು ಓಡಿಸುವ ಹಿಂದಿನ ಚಕ್ರಗಳ ಮೇಲೆಯೇ ಬೀಳುವುದರಿಂದ ಕೆಸರಲ್ಲೂ ಜಾರುವುದಿಲ್ಲ. ಜೀಪಿನವನು ಕಂಡರೆ ಹೊಟ್ಟೆ ಉರಿದುಕೊಳ್ಳುತ್ತಿದ್ದ.

ಟೈರಿನ ವಿಷಯದಲ್ಲಂತೂ ಅವನಿಗೆ ತನ್ನ ಬುದ್ಧಿಯ ಮೇಲೆಯೇ ಪ್ರೀತಿ ಉಕ್ಕಿತು. ಜೀಪಿನ ಟೈರು ಹಾಕಿದ್ದು ಅವನೇ, ದಪ್ಪ ರಬ್ಬರ್ ಉಬ್ಬುಗಳ ಅಪರೂಪದ ಅಚ್ಚು. ಅದೇ ಅಚ್ಚಿನ, ಅದೇ ಅಳತೆಯ ನಾಲ್ಕು ಟೈರು ತರಿಸಿದ. ಜೀಪಿನ ಮುಂದಿನ ಎಡ ಟೈರಿನಲ್ಲಿ ಕಲ್ಲು ತಾಗಿ ಹೆಬ್ಬೆರಳ ಉಗುರಿನಷ್ಟು ಕಚ್ಚು ಬಿದ್ದಿತ್ತು. ಹ್ಯಾಕ್ಸಾ ಬ್ಲೇಡಿನಿಂದ ಅದೇ ಜಾಗದಲ್ಲಿ, ಅದೇ ಆಕಾರದ ಕಚ್ಚು ಕೊಯ್ದ. ಜೀಪಿನ ಚಕ್ರ ಕಾರಿನ ಆಕ್ಸಲ್ ತುದಿಯ ಹಬ್ಬಿಗೆ ಕೂರುವುದಿಲ್ಲ. ಲೇಥಿನಲ್ಲಿ ನಡುವಿನ ತಟ್ಟೆ ಕಡೆದು ಕೂರಿಸಿದ. ಚಕ್ರ ಹೊರಗೆ ಚಾಚಿಕೊಂಡರೆ ಬೇರಿಂಗ್ ತಡೆಯುವುದಿಲ್ಲ. ಅದಕ್ಕೆ ಹಳೆಯ ಚಕ್ರಗಳು ನಿಲ್ಲುತ್ತಿದ್ದ ಜಾಗದಲ್ಲೇ ಇವೂ ನಿಲ್ಲುವಂತೆ, ಕೂದಲೆಳೆಯಷ್ಟೂ ಆಚೀಚೆಯಾಗದಂತೆ ಮಾಡಿದ. ಇಂಥ ಕೆಲಸವನ್ನು ಇನ್ನೊಬ್ಬ ಮೆಕ್ಯಾನಿಕ್ ನೋಡುವಂತಿಲ್ಲವಲ್ಲ ಎಂಬುದೊಂದೇ ಅವನ ಕೊರಗು.

ಉಳಿದದ್ದು ಗ್ಯಾರೇಜಿನಲ್ಲಿ ತಾನು ಇದ್ದೇನೆ ಎಂದು ತೋರಿಸುವುದು. ಹಳೆ ಪ್ಯಾಂಟಿಗೆ ಚಿಂದಿ ತುಂಬಿ, ತುದಿಗೆ ತನ್ನ ಬೂಟು ಸಿಕ್ಕಿಸಿ, ಅಪ್ಪನ ಕಾರಿನ ಕೆಳಗಿನಿಂದ ಎರಡು ಕಾಲು ಚಾಚಿಸಿದ. ಪಕ್ಕದಲ್ಲಿ ರೇಡಿಯೋ ಹಚ್ಚಿದ. ಯಾರಾದರೂ ಮಾತಾಡಿಸಿದರೆ? ಮಾತಾಡಿಸಲಿ. ಗಾಡಿಯ ಕೆಳಗಿದ್ದಾಗ ಅವನು ಯಾರಿಗೂ ಉತ್ತರ ಕೊಟ್ಟವನೇ ಅಲ್ಲ. ಇಷ್ಟು ವರ್ಷದ ಗಂಟುಮೋರೆ ಕಡೆಗೂ ಒಂದು ಕೆಲಸಕ್ಕೆ ಬಂತು.

ಗುರುವಾರ ಬೆಳಿಗ್ಗೆ ಜೀಪು ಗುಡ್ಡ ಹತ್ತಿದ್ದನ್ನು ನೋಡಿದ. ಒಂದೂ ಕಾಲಿಗೆ ಹಿಂಬಾಗಿಲಿನಿಂದ ಹೊರಟ. ಕಾರು ಗುಡ್ಡವನ್ನು ಮೇಕೆಯಂತೆ ಹತ್ತಿತು. ನೆತ್ತಿಯ ಒರತೆಯ ಹತ್ತಿರ, ಹಸಿಜೇಡಿಯ ಮೇಲೆ ಬೇಕೆಂದೇ ನಿಧಾನ ಮಾಡಿದ. ಇಳಿದು ನೋಡಿದ. ಎಡಕ್ಕೊಂದು ಸಾಲು, ಬಲಕ್ಕೊಂದು ಸಾಲು, ಮುದ್ರೆ ಒತ್ತಿದ ಹಾಗೆ. ಎಡಸಾಲಿನಲ್ಲಿ ಆ ಕಚ್ಚು ಸ್ಪಷ್ಟವಾಗಿ ಮೂಡಿತ್ತು. ಕುರುಡನೂ ಇದನ್ನು ಬಿಟ್ಟು ಹೋಗಲಾರ ಎಂದುಕೊಂಡ.

ಕಾರನ್ನು ಪೊದೆಗಳ ಹಿಂದೆ ನಿಲ್ಲಿಸಿ ನಡೆದು ಹೋದ. ಅಣ್ಣ ಕ್ವಾರಿಯ ಕಡೆ ಮುಖ ಮಾಡಿ ಕೂತಿದ್ದ, ಪೇಪರ್ ತೊಡೆಯ ಮೇಲಿತ್ತು. ಹೆಜ್ಜೆ ಸದ್ದಿಗೆ ತಿರುಗಲಿಲ್ಲ.

"ಜೀಪಿನವನಾ? ಬಾರಯ್ಯ," ಎಂದ. "ಈಗ ಒಂದು ಸದ್ದು ಕೇಳಿಸ್ತು ನೋಡು. ಥೇಟ್ ನಮ್ಮಪ್ಪನ ಕಾರಿದ್ದ ಹಾಗೇ ಇತ್ತು. ಚಿಕ್ಕವನಿದ್ದಾಗ ಆ ಸದ್ದು ಕೇಳಿದ್ರೆ ನಾನೇ ಮೊದಲು ಬಾಗಿಲಿಗೆ ಓಡ್ತಿದ್ದೆ."

ಮೆಕ್ಯಾನಿಕ್ಕಿನ ಕೈ ಕುರ್ಚಿಯ ಬೆನ್ನಿನ ಮೇಲೆ ನಿಂತಿತು. ಒಂದು ಕ್ಷಣ ಅವನಿಗೆ ಅಳು ಬಂದಂತಾಯಿತು, ಅದು ನಿಜ. ಮರುಕ್ಷಣವೇ ಸಿಟ್ಟು ಬಂತು. ಮೊದಲು ಓಡುತ್ತಿದ್ದದ್ದು ಅಣ್ಣನಲ್ಲ, ತಾನು. ಅದನ್ನೂ ಇವನು ತನ್ನ ಹೆಸರಿಗೇ ಬರೆಸಿಕೊಂಡಿದ್ದ. ಕುರ್ಚಿಯನ್ನು ಎತ್ತಿ ಮುಂದಕ್ಕೆ ತಳ್ಳಿದ. ಪೇಪರ್ ಮಾತ್ರ ಮೇಲೆಯೇ ಉಳಿಯಿತು.

ಎರಡೂಮುಕ್ಕಾಲಿಗೆ ಅವನು ಅಪ್ಪನ ಕಾರಿನ ಕೆಳಗಿನಿಂದ ಎದ್ದು ಬಂದು, ಟೀ ಅಂಗಡಿಯ ಅಕ್ಕನ ಹತ್ತಿರ ಟೀ ತಣ್ಣಗಿದೆ ಎಂದು ಜಗಳ ತೆಗೆದ. ಗ್ಯಾಸ್ ಕಟ್ಟರಿನಿಂದ ಶೆಡ್ಡಿನ ಕಾರನ್ನು ಕೊಯ್ದು ಮುಗಿಸಲು ಎರಡು ದಿನ ಹಿಡಿಯಿತು. ಶನಿವಾರದ ಗುಜರಿ ಲಾರಿ ಅದನ್ನು ಬೇರೆ ಕಬ್ಬಿಣದ ಜೊತೆ ಹೊತ್ತೊಯ್ದಿತು. ಟೈರುಗಳು ಆಗಲೇ ಮಿಲ್ಲಿನ ಹೊಟ್ಟು ಸುಡುವ ಕುಲುಮೆಯಲ್ಲಿ ಉರಿದುಹೋಗಿದ್ದವು.

ಪೊಲೀಸರು ದಡ್ಡರಾಗಿರಲಿಲ್ಲ. ಶುಕ್ರವಾರವೇ ಒರತೆಯ ಹತ್ತಿರ ಅಚ್ಚು ಸಿಕ್ಕಿತು, ಸಂಜೆಗೆ ಜೀಪಿನವನು ಲಾಕಪ್ಪಿನಲ್ಲಿದ್ದ. ತಾನು ಆ ಜೇಡಿಯ ಮೇಲೆ ಗಾಡಿ ಓಡಿಸಿಲ್ಲ, ಪಕ್ಕದ ಬಂಡೆಯ ಮೇಲೆ ಹೋದೆ ಎಂದು ಅವನು ಅತ್ತನಂತೆ. ಸೋಮವಾರ ಮಧ್ಯಾಹ್ನ ಇನ್‌ಸ್ಪೆಕ್ಟರ್ ಆ ಜೀಪನ್ನೇ ಗ್ಯಾರೇಜಿನ ಅಂಗಳಕ್ಕೆ ತರಿಸಿ, ಅಪ್ಪನ ಕಾರಿನ ಪಕ್ಕ ನಿಲ್ಲಿಸಿದರು. ದಪ್ಪ ಕನ್ನಡಕದ, ಮೆಲುದನಿಯ ಹೆಂಗಸು. ಹಿಂದೆ ಒಬ್ಬ ಪೇದೆ, ಕೈಯಲ್ಲಿ ಯಾವುದೋ ಗಿಡದ ಕೋಲು.

"ಊರಲ್ಲಿ ಗಾಡಿ ಗೊತ್ತಿರೋರು ನೀವೊಬ್ಬರೇ ಅಂದ್ರು," ಎಂದರು ಆಕೆ, ಫೋಟೋ ಚಾಚುತ್ತ. "ನಿಮ್ಮ ಅಣ್ಣನ ವಿಷಯ. ಕಷ್ಟ ಆಗುತ್ತೆ ಅಂತ ಗೊತ್ತು."

ಮೆಕ್ಯಾನಿಕ್ ಫೋಟೋವನ್ನು ಬೇಕಾದ್ದಕ್ಕಿಂತ ಹೆಚ್ಚು ಹೊತ್ತು ನೋಡಿದ. "ಜೀಪಿನದೇ ಮೇಡಂ. ನಾನೇ ಹಾಕಿದ ಟೈರು. ಫೋಟೋದಲ್ಲಿ ಈ ಕಚ್ಚು ನೋಡಿ, ಇಲ್ಲಿ ಈ ಕಚ್ಚು ನೋಡಿ," ಎಂದು ಜೀಪಿನ ಮುಂದೆ ಬಗ್ಗಿ ತೋರಿಸಿದ. "ಈ ಊರಲ್ಲಿ ಈ ಅಚ್ಚಿರೋದು ಇದೊಂದಕ್ಕೇ."

"ಬರೆದುಕೊಡ್ತೀರಾ?"

"ಧಾರಾಳವಾಗಿ." ಬರೆದು, ಸಹಿ ಹಾಕಿ, ಕೆಳಗೆ ಗ್ಯಾರೇಜಿನ ಸೀಲನ್ನೂ ಒತ್ತಿದ.

ಟೀ ಅಂಗಡಿಯ ಅಕ್ಕ ಲೋಟಗಳನ್ನು ತಂದಳು. ಗುರುವಾರ ಮಧ್ಯಾಹ್ನ ಇವರು ಇಲ್ಲೇ ಇದ್ದರಾ ಎಂದು ಇನ್‌ಸ್ಪೆಕ್ಟರ್ ಸುಮ್ಮನೆ ಕೇಳಿದಂತೆ ಕೇಳಿದರು.

"ಇದ್ರಲ್ಲ ಮೇಡಂ, ಗಾಡಿ ಕೆಳಗೆ. ಎರಡು ಸಲ ಟೀ ಬೇಕಾ ಅಂತ ಕೂಗಿದೆ."

"ಏನಂದ್ರು?"

"ಅವರು ಯಾವತ್ತು ಏನಂದಿದ್ದಾರೆ?"

ಪೇದೆ ನಕ್ಕ. ಮೆಕ್ಯಾನಿಕ್ಕೂ, ಎಷ್ಟೋ ವರ್ಷಗಳ ಮೇಲೆ, ಸ್ವಲ್ಪ ನಕ್ಕ. ಇನ್‌ಸ್ಪೆಕ್ಟರ್ ನಗಲಿಲ್ಲ. ಟೀ ಕುಡಿಯುತ್ತ ಕೋಳಿಮೊಟ್ಟೆ ಬಣ್ಣದ ಕಾರನ್ನು ಸುತ್ತಿ ಬಂದರು.

"ಚೆಂದ ಇದೆ. ಇಂಥವು ಈಗ ಎಲ್ಲೂ ಕಾಣಲ್ಲ, ಅಲ್ವಾ?"

"ಸುತ್ತಮುತ್ತ ಎಲ್ಲೂ ಇಲ್ಲ ಮೇಡಂ, ಇದೊಂದೇ," ಎಂದ ಅವನು. ಎದೆ ತುಂಬಿ ಬಂದಿತ್ತು, ಬಾಯಿ ತಡೆಯಲಾಗಲಿಲ್ಲ. "ಇದು ತೂರದ ಸಂದಿ ಇಲ್ಲ ಅಂತಿದ್ರು ನಮ್ಮಪ್ಪ."

ಇನ್‌ಸ್ಪೆಕ್ಟರ್ ಲೋಟ ಕೆಳಗಿಟ್ಟು ಪೇದೆಯ ಕಡೆ ತಲೆಯಾಡಿಸಿದರು. "ನಮ್ಮ ಪೇದೆಯವರ ಮನೇಲಿ ಎಲ್ಲರೂ ಬಡಗಿಗಳು," ಎಂದರು. "ಏನು ಕಂಡ್ರೂ ಅಳೀತಾರೆ. ಒರತೆ ಹತ್ರ ಟೇಪು ಇರಲಿಲ್ಲ, ಅದಕ್ಕೆ ಎಡಸಾಲಿನ ನಡುವಿಂದ ಬಲಸಾಲಿನ ನಡುವಿಗೆ ಸರಿಯಾಗಿ ಒಂದು ಕೋಲು ಕತ್ತರಿಸಿಕೊಂಡ್ರು." ಪೇದೆ ಕೋಲನ್ನು ಜೀಪಿನ ಮುಂದೆ ನೆಲಕ್ಕಿಟ್ಟ. ಒಂದು ತುದಿ ಎಡ ಟೈರಿನ ನಡುವೆ ನಿಂತಿತು, ಇನ್ನೊಂದು ತುದಿ ಬಲ ಟೈರಿನ ನಡುವನ್ನು ಮುಟ್ಟಲು ಒಂದು ಗೇಣು ಕಡಿಮೆಯಾಯಿತು. ಮೆಕ್ಯಾನಿಕ್ ಆ ಒಂದು ಗೇಣು ಖಾಲಿ ನೆಲವನ್ನು ನೋಡಿದ. ಮೂರು ವಾರ ಟೇಪು ಹಿಡಿದು ಓಡಾಡಿದ್ದ ಅವನು ನೆಲದಿಂದ ಮೇಲಕ್ಕಷ್ಟೇ ಅಳೆದಿದ್ದ, ಅಡ್ಡಕ್ಕೆ ಒಮ್ಮೆಯೂ ಅಳೆದಿರಲಿಲ್ಲ. ಪೇದೆ ಕೋಲನ್ನೆತ್ತಿಕೊಂಡು ಎರಡು ಹೆಜ್ಜೆ ಪಕ್ಕಕ್ಕೆ ಬಂದು, ಅಪ್ಪನ ಕಾರಿನ ಮುಂದೆ ಮಂಡಿಯೂರಿ ಅದನ್ನು ನೆಲಕ್ಕಿಟ್ಟ. ಕೋಲು ಈ ಚಕ್ರದ ನಡುವಿನಿಂದ ಆ ಚಕ್ರದ ನಡುವಿಗೆ, ಕೂದಲೆಳೆಯಷ್ಟೂ ಹೆಚ್ಚುಕಡಿಮೆಯಿಲ್ಲದೆ ಸರಿಹೋಯಿತು.