ಬೆನ್ನು ಮಾತ್ರ ಕಂಡವನು

"ಅಯ್ಯೋ... ಐವತ್ತೆಂಟು!"

ನೆಲಕ್ಕೆ ಬಿದ್ದ ಟೋಪಿ ಎತ್ತಿಕೊಳ್ಳಲು ಬಗ್ಗಿದ್ದವನು ಗಕ್ಕನೆ ತಿರುಗಿದ. ಅಮೆರಿಕದ ನೆಬ್ರಾಸ್ಕಾ ರಾಜ್ಯದ ಆ ಪುಟ್ಟ ಊರಿನ ಹೋಟೆಲಿನಲ್ಲಿ ಬಡಿಸುತ್ತಿದ್ದ ಜನೆಲ್ ನಾಲಿಗೆ ಕಚ್ಚಿಕೊಂಡಳು.

"ನನ್ನ ಜೆರ್ಸಿ ನಂಬರ್... ನಿಮಗೆ ಹೇಗೆ ಗೊತ್ತು?"

"ನೀವು ಲೈಲ್ ವೋಂದ್ರ ತಾನೇ? ಕಾಲೇಜ್ ಫುಟ್‌ಬಾಲ್ ಟೀಮಲ್ಲಿದ್ರಲ್ಲ! ಪ್ರತಿ ಶನಿವಾರ ಟೀವಿಯಲ್ಲಿ ನೋಡ್ತಿದ್ದೆ."

"ಟೀವಿಯಲ್ಲಿ ನನ್ನ ಮುಖ ಬಂದೇ ಇಲ್ವಲ್ಲ!"

"ಮುಖ ಅಲ್ಲ... ಬಗ್ಗಿದ ಬೆನ್ನು..." ಜನೆಲ್ ಕೆನ್ನೆ ಕೆಂಪಾಯಿತು. ಛೇ, ಏನು ಮಾತಾಡ್ತಿದ್ದೀನಿ ನಾನು!

ಲೈಲ್ ಹೊಟ್ಟೆ ಹಿಡಿದುಕೊಂಡು ನಕ್ಕ. ಕೈಯಲ್ಲೂ ಚೆಂಡು ಹಿಡಿದು ಆಡುವ ಅಮೆರಿಕದ ಫುಟ್‌ಬಾಲ್‌ನಲ್ಲಿ, ಬಗ್ಗಿ ನಿಂತು ಕಾಲುಗಳ ಸಂದಿಯಿಂದ ಚೆಂಡನ್ನು ಹಿಂದಕ್ಕೆ ಎಸೆಯುವುದಷ್ಟೇ ಅವನ ಕೆಲಸವಾಗಿತ್ತು. ಅದನ್ನು ಒದ್ದು ಗೋಲು ಕಂಬಗಳ ನಡುವೆ ದಾಟಿಸುತ್ತಿದ್ದವನು ಬ್ರೆಂಟ್. ಕ್ಯಾಮೆರಾ, ಜೈಕಾರ, ಹೆಸರು ಎಲ್ಲವೂ ಬ್ರೆಂಟ್‌ಗೆ.

ಅಂದಿನಿಂದ ಲೈಲ್ ದಿನವೂ ಬರತೊಡಗಿದ. ಚಿಲಿ ಎಂಬ ಖಾರದ ಮಾಂಸದ ಸಾರಿನ ಜೊತೆ ದಾಲ್ಚಿನ್ನಿ ರೋಲ್ ತಿನ್ನುತ್ತಾ, ಬ್ರೆಂಟ್ ಕೊನೆಯಲ್ಲಿ ಒದ್ದು ಗೆಲ್ಲಿಸಿದ ಹಳೆಯ ಫೈನಲ್ ಪಂದ್ಯದ ಮೇಲೆ ಡಾಕ್ಯುಮೆಂಟರಿ ಬರುತ್ತಿದೆ, ತನ್ನನ್ನೂ ಮಾತಾಡಿಸಿದ್ದಾರೆ ಎಂದು ನಾಚುತ್ತಲೇ ಹೇಳಿದ.

"ಇಲ್ಲೇ ಎಲ್ಲರೂ ಒಟ್ಟಿಗೆ ನೋಡೋಣ!" ಎಂದಳು ಜನೆಲ್. "ಬ್ರೆಂಟ್‌ನನ್ನೂ ಕರೀರಿ. ಅವನು ಬರಲೇಬೇಕು!"

ಲೈಲ್ ಮುಖ ಸಣ್ಣದಾಯಿತು. ಇವಳೂ ಅಷ್ಟೇನಾ... ತನ್ನ ಸ್ನೇಹ ಮಾಡಿದ ಹುಡುಗಿಯರೆಲ್ಲ ಕೊನೆಗೆ ಕೇಳಿದ್ದು ಬ್ರೆಂಟ್‌ನನ್ನೇ! "ಹೇಳ್ತೀನಿ" ಎಂದು ಎದ್ದು ಹೋದವನು ಮತ್ತೆ ಹೋಟೆಲಿನ ಕಡೆ ಸುಳಿಯಲಿಲ್ಲ.

ಜನೆಲ್‌ಗೆ ಊಟ ಸೇರಲಿಲ್ಲ. ನಾನೇನು ತಪ್ಪು ಮಾತಾಡಿದೆ?

ಡಾಕ್ಯುಮೆಂಟರಿಯ ದಿನ ಬ್ರೆಂಟ್ ಬಂದ, ಲೈಲ್ ಬರಲಿಲ್ಲ. ಗೆದ್ದೆತ್ತಿನ ಬಾಲ ಹಿಡಿಯುವವರಿಗೆ ಯಾವ ದೇಶದಲ್ಲೂ ಬರವಿಲ್ಲ. ಊರಿಗೆ ಊರೇ ಬ್ರೆಂಟ್‌ನನ್ನು ಮುತ್ತಿಕೊಂಡಿತು. ಟೀವಿಯಲ್ಲಿ ಲೈಲ್ ಆಡಿದ ಮಾತೆಲ್ಲ ಕತ್ತರಿಯ ಪಾಲಾಗಿತ್ತು. ಅದೇ ಹಳೇ ಬೆನ್ನು, ಅಷ್ಟೇ.

ಜನೆಲ್ ಮೈಯೆಲ್ಲ ಉರಿದುಹೋಯಿತು.

"ರೀ ಬ್ರೆಂಟ್! ಮುಖದ ಮೇಲೇ ಕೇಳ್ಬೇಕು ಅಂತ ನಿಮ್ಮನ್ನ ಕರೆಸಿದ್ದು. ಅವತ್ತು ಲೈಲ್ ಎಸೆದ ಚೆಂಡು ಒಂದು ಗೇಣು ಆಚೆ ಬಿದ್ದಿದ್ರೆ ಏನು ಒದೀತಿದ್ರಿ, ಗಾಳಿನಾ? ಇಷ್ಟು ಸಲ ಟೀವಿಯಲ್ಲಿ ಮಾತಾಡಿದ್ರಿ, ಒಂದು ಸಲ ಆದ್ರೂ ಲೈಲ್ ಹೆಸರು ಹೇಳಿದ್ರಾ?"

ಬ್ರೆಂಟ್ ತಲೆ ತಗ್ಗಿಸಿದ.

"ನಿಜ ಕಣಮ್ಮ... ತಪ್ಪಾಯ್ತು. ಅವನ ಮುಂದೇನೇ ಹೇಳ್ತೀನಿ. ಅಗೋ, ಬಾಗಿಲಲ್ಲೇ ನಿಂತಿದ್ದಾನೆ."

ಜನೆಲ್ ಗಕ್ಕನೆ ಬಾಗಿಲ ಕಡೆ ತಿರುಗಿದಳು. ಬರಬಾರದು ಬರಬಾರದು ಎಂದುಕೊಂಡೇ ಬಂದಿದ್ದ ಲೈಲ್. ಅವನ ಕಣ್ಣು ಒದ್ದೆಯಾಗಿತ್ತು.

"ಬೈಯೋಕಾ ಅವನನ್ನ ಕರೆಸಿದ್ದು? ನಾನು... ಎಲ್ಲರ ಹಾಗೆ ನೀವೂ ಅವನಿಗೋಸ್ಕರ ಅಂತ..."

"ಪೆದ್ದು! ಊರೆಲ್ಲ ಚೆಂಡು ನೋಡ್ತಿದ್ದಾಗ ನಾನು ನಿನ್ನನ್ನೇ ನೋಡ್ತಿದ್ದೆ. ಈಗ ದಿನಾ ಬಾಗಿಲು ನೋಡ್ತಿದ್ದೀನಿ..."

"ಜನೆಲ್... ಹೇಳೋಕೆ ಬರಲ್ಲ ನಂಗೆ. ನಾನು ಮಾತಾಡಿದ್ರೆ ಎಲ್ರೂ ಕತ್ತರಿಸಿಬಿಡ್ತಾರೆ."

"ನಾನು ಕತ್ತರಿಸಲ್ಲ. ಹೇಳು."

"ನೀನಂದ್ರೆ ನಂಗೆ ಪ್ರಾಣ."

"ಇಷ್ಟೇನಾ?"

"ಉಳಿದಿದ್ದನ್ನ ದಿನಾ ಬಂದು ಹೇಳ್ತೀನಿ. ಬರಲಾ?"

ಜನೆಲ್ ಅವನ ಕೈ ಹಿಡಿದುಕೊಂಡಳು.

"ಬರೋದೇನು... ಇನ್ಮೇಲೆ ಹೋಗಲೇಬೇಡ!"